ಹನ್ನೊಂದು ಸೆಕೆಂಡು

ಜಲಂಧರದಿಂದ ಬಂದ ಬಿತ್ತನೆ ಆಲೂಗಡ್ಡೆಯ ಮಗ್ಗುಲಲ್ಲಿ
ನನ್ನ ರೀಲುಗಳು ಮಲಗಿವೆ.
ಎರಡಕ್ಕೂ ಬೇಕಾದದ್ದು ಅದೇ ಚಳಿ, ಅದೇ ಕತ್ತಲೆ;
ಬಾಡಿಗೆ ಮಾತ್ರ ಬೇರೆ,
ಮೂಟೆಗೊಂದು ಲೆಕ್ಕ, ಡಬ್ಬಿಗೊಂದು.
ಹಾಸನದ ಈ ಶೀತಲಗೃಹದ ಜವರಯ್ಯ
ಬಾಗಿಲು ತೆಗೆದಾಗಲೆಲ್ಲ ಮೂಗು ಮುಚ್ಚಿ ಕೇಳುತ್ತಾನೆ:
"ಉಪ್ಪಿನಕಾಯಿ ಏನಾದ್ರೂ ಇಟ್ಟಿದ್ದೀರಾ ಮೇಡಂ?"
ಹುಳಿ ಹಿಡಿದಿರುವುದು ಎಪ್ಪತ್ತಾರನೇ ಇಸವಿ, ಜವರಯ್ಯ.
ಫಿಲ್ಮು ಸಾಯುವಾಗ ವಿನೆಗರ್ ನಾರುತ್ತದೆ.

ಅಮಾನುಲ್ಲಾ ಸಾಹೇಬರು ಬಿ.ಎಂ. ರಸ್ತೆಯ ಸ್ಟುಡಿಯೋ ಮುಚ್ಚಿದ ದಿನ
ಎರಡು ಗೋಣಿಚೀಲ ತುಂಬಿ ಕೊಟ್ಟದ್ದು.
ಮದುವೆ, ದನಗಳ ಪ್ರದರ್ಶನ, ಯಾರದೋ ಶಾಲೆಯ ಕವಾಯತು,
ಲೋಕೋಪಯೋಗಿ ಇಲಾಖೆಗೆಂದು ತೆಗೆದು
ಇಲಾಖೆ ಹಣ ಕೊಡದೆ ಉಳಿದ ಅಣೆಕಟ್ಟಿನ ಚಿತ್ರ.
"ಮಾರಬೇಡ ಅನ್ನಲ್ಲ," ಅಂದರು, "ಬೆಂಕಿ ಹತ್ತಿರ ಇಡಬೇಡ."

ಮಾರುತ್ತೇನೆ. ಸೆಕೆಂಡಿನ ಲೆಕ್ಕ.
ಚಾನೆಲ್ಲಿನ ಹುಡುಗ ಸಂಜೆ ಐದಕ್ಕೆ ಫೋನು ಮಾಡಿ
"ಹಳೇದು ಏನಾದ್ರೂ ಮೇಡಂ, ಹಳ್ಳಿ ಜನ, ಸ್ವಲ್ಪ ದುಃಖ" ಎನ್ನುತ್ತಾನೆ.
ಯಾವ ಊರು, ಯಾವ ವರ್ಷ, ಕೇಳುವುದಿಲ್ಲ;
ಏಳರ ಬುಲೆಟಿನ್ ಅವನ ಕತ್ತಿನ ಮೇಲೆ ಕೂತಿರುತ್ತದೆ.
ಹದಿನಾಲ್ಕನೇ ಶಾಟು ಕಳಿಸುತ್ತೇನೆ.
ಇರುವುದು ಹನ್ನೊಂದು ಸೆಕೆಂಡು, ಕೊಳ್ಳುವುದು ನಾಲ್ಕು.
ಆ ನಾಲ್ಕು ಸೆಕೆಂಡು
ಬರಗಾಲವಾಗಿದೆ, ಗುಳೆಯಾಗಿದೆ,
ಒಮ್ಮೆ ಯಾವುದೋ ಯುದ್ಧದ ನಿರಾಶ್ರಿತರು,
ಒಮ್ಮೆ ಸೋಪಿನ ಜಾಹೀರಾತಿನಲ್ಲಿ ಆ ಕಾಲದ ಸರಳ ಬದುಕು.
ನೀರು ಬರುವ ಮುಂಚೆ ಸಾಮಾನು ಕಟ್ಟಿಕೊಂಡು
ಲಾರಿಗೆ ಕಾಯುತ್ತಿರುವ ಊರು ಅದು ಎಂದು
ಚೀಟಿ ಬರೆದು ಜೊತೆಗಿಡುತ್ತೇನೆ.
ಚೀಟಿ ಪ್ರಸಾರವಾಗುವುದಿಲ್ಲ.

ಮೊನ್ನೆ ರಾತ್ರಿ ಒಂಬತ್ತೂವರೆಗೆ ಗೊತ್ತಿಲ್ಲದ ನಂಬರು.
ಕೊಣನೂರಿನ ಆಚೆ, ಹೊಸ ಕಾಲೋನಿ, ಚೆಲುವೇಗೌಡ.
"ಟಿ.ವಿ.ಯವರು ನಿಮ್ ನಂಬರ್ ಕೊಟ್ರು ಕಣವ್ವ.
ಎಡಗಡೆ ಇರೋ ಎತ್ತು ನಮ್ದು.
ಬಲಗೊಂಬು ಮುರಿದಿಲ್ವಾ? ಹಂಡ ಅಂತ.
ಆಮೇಲೆ ಏನಾಯ್ತದೆ? ಲಾರಿ ಹತ್ತುತ್ತಾ, ತಿರುಗಿ ಹೋಯ್ತದಾ?
ನಮ್ಮಪ್ಪ ಸಾಯೋಗಂಟ ಹೇಳ್ತಿದ್ದ,
ಹಗ್ಗ ಕಿತ್ಕೊಂಡು ಊರೊಳಕ್ಕೇ ಹೋಯ್ತು, ಸಿಗ್ಲಿಲ್ಲ ಅಂತ.
ಅವ್ವ ಹೇಳೋಳು, ಸುಳ್ಳು, ಲಾರಿಯೋನಿಗೇ ಮಾರ್ದ ಅಂತ.
ಅದೊಂದ್ ನೋಡಿ ಹೇಳ್ರವ್ವ."

ಬೆಳಿಗ್ಗೆ ಡಬ್ಬಿ ಹೊರಗೆ ತಂದೆ.
ಚಳಿ ಬಿಡುವ ತನಕ ಮುಚ್ಚಳ ತೆಗೆಯಬಾರದು,
ತೆಗೆದರೆ ಫಿಲ್ಮು ಬೆವರುತ್ತದೆ. ನಾಲ್ಕು ಗಂಟೆ ಕಾದೆ.
ಆಮೇಲೆ ಕೈಯಲ್ಲೇ ತಿರುಗಿಸುತ್ತ, ಒಂದೊಂದೇ ಚೌಕಟ್ಟು.

ಐದು: ಎತ್ತು ಕಿವಿ ಕೊಡವುತ್ತದೆ.
ಎಂಟು: ಟವಲು ಸುತ್ತಿದವನೊಬ್ಬ ಬಂದು ಕತ್ತಿನ ಮೇಲೆ ಕೈಯಿಡುತ್ತಾನೆ.
ಹತ್ತು: ಬಗ್ಗಿ, ಅದರ ಕಿವಿಯಲ್ಲಿ, ಏನೋ.
ತುಟಿ ಎರಡು ಸಲ ಕೂಡುತ್ತದೆ.
ಈ ಫಿಲ್ಮಿಗೆ ಧ್ವನಿಯಿಲ್ಲ.
ಹನ್ನೊಂದು: ಕ್ಯಾಮೆರಾ ಸರ್ರನೆ ಬಲಕ್ಕೆ ಹೊರಳುತ್ತದೆ,
ಮಂತ್ರಿಗಳ ಕಾರು, ಹಾರ, ಹಲ್ಲು.

ಸಾಹೇಬರೇ, ಇನ್ನೊಂದು ಸೆಕೆಂಡು ನಿಲ್ಲಬಾರದಿತ್ತೇ?
ನಿಲ್ಲುತ್ತಿರಲಿಲ್ಲ.
ಹಣ ಕೊಡಬೇಕಾದವರು ಬಲಗಡೆ ಇದ್ದರು.

ಕಂಡಷ್ಟನ್ನು ಫೋನಿನಲ್ಲಿ ಹೇಳಿದೆ.
ಆ ಕಡೆ ಬಹಳ ಹೊತ್ತು ಪಂಪ್‌ಸೆಟ್ಟಿನ ಸದ್ದು.
"ಕಿವೀಲಿ ಹೇಳಿದ್ನಾ?
ಹಂಗಾರೆ ಮಾರಿರಬೇಕು ಬಿಡಿ.
ಮಾರೋವಾಗ್ಲೇ ಅಲ್ವಾ ಎತ್ತಿನ ಕಿವೀಲಿ ಹೇಳೋದು.
ಅವ್ವ ಗೆದ್ದಳು ಅನ್ನಿ."
ಇನ್ನೂ ಸ್ವಲ್ಪ ಪಂಪ್‌ಸೆಟ್ಟು.
"ಎಷ್ಟಾಯ್ತು ನಿಮ್ದು?"

ದರಪಟ್ಟಿ ನೋಡಿದೆ:
ಪ್ರಸಾರಕ್ಕೆ ಇಷ್ಟು, ಜಾಹೀರಾತಿಗೆ ಇಷ್ಟು, ವಿದ್ಯಾರ್ಥಿಗಳಿಗೆ ಅರ್ಧ.
ಮನೆಯ ಜಗಳ ತೀರಿಸಲು ಎಂಬ ಸಾಲು ಅದರಲ್ಲಿಲ್ಲ.

ಐದಕ್ಕೆ ಹುಡುಗನ ಫೋನು.
"ಅದೇ ಶಾಟು ಮೇಡಂ, ಎತ್ತು ಕಟ್ ಮಾಡಿ, ಹೆಂಗಸ್ರು ಸಾಕು."
ಕಳಿಸಿದೆ. ಬಾಡಿಗೆ ಐದನೇ ತಾರೀಖು.

ಆಮೇಲೆ ಕಾರ್ಡು ತೆಗೆದೆ.
ಶಾಟು ೧೪. ಮಧ್ಯಮ ದೂರ. ಜನ, ಪಾತ್ರೆಪಗಡಿ, ಒಂದು ಎತ್ತು.
'ಒಂದು ಎತ್ತು' ಹೊಡೆದು ಹಾಕಿ
ಹಂಡ ಎಂದು ಬರೆದೆ, ಶಾಯಿಯಲ್ಲಿ.
ಅದರ ಮುಂದೆ, ಮಾರಿದ್ದು ಎಂದು,
ಪೆನ್ಸಿಲಿನಲ್ಲಿ.